ತನಗೆ ತಾನೇ ಗಡಿ ಹಾಕಿಕೊಂಡ ಹಳ್ಳಿ

ಇಂಗ್ಲೆಂಡಿನ ಡರ್ಬಿಶೈರ್ ಪ್ರಾಂತದ ಗುಡ್ಡಗಳ ನಡುವೆ ಒಂದು ಪುಟ್ಟ ಹಳ್ಳಿಯಿದೆ. ಅದರ ಹೆಸರಿನ ಇಂಗ್ಲಿಷ್ ಅಕ್ಷರಗಳನ್ನು ನೋಡಿದರೆ 'ಎಯಾಮ್' ಎಂದು ಓದಬೇಕೆನಿಸುತ್ತದೆ. ಆದರೆ ಅಲ್ಲಿನವರು ಕರೆಯುವುದು 'ಈಮ್' ಎಂದು. ಸುಮಾರು ಸಾವಿರ ಜನರಿರುವ ಈ ಊರಿನಲ್ಲಿ ಕೆಲವು ಹಳೆಯ ಕಲ್ಲಿನ ಮನೆಗಳ ಮುಂದೆ ಫಲಕಗಳಿವೆ. ಆ ಮನೆಯಲ್ಲಿ 1665-66ರಲ್ಲಿ ಸತ್ತವರ ಹೆಸರುಗಳು ಅವುಗಳ ಮೇಲಿವೆ. ಒಂದೊಂದು ಫಲಕದಲ್ಲಿ ಇಡೀ ಸಂಸಾರದ ಹೆಸರುಗಳೇ ಸಾಲಾಗಿ ಕಾಣುತ್ತವೆ.

ಆಗ ಈಮ್ ರೈತರು ಮತ್ತು ಸೀಸದ ಗಣಿಯ ಕೆಲಸಗಾರರ ಊರಾಗಿತ್ತು. 1665ರಲ್ಲಿ ಲಂಡನ್ ನಗರವನ್ನು ಪ್ಲೇಗು ಮಾರಿ ಹೊಕ್ಕಿತು. ಅಲ್ಲಿ ಸತ್ತವರು ಸುಮಾರು ಒಂದು ಲಕ್ಷವೆಂದು ಅಂದಾಜು. ಇನ್ನೂರು ಕಿಲೋಮೀಟರಿಗೂ ಹೆಚ್ಚು ದೂರದಲ್ಲಿದ್ದ ಈಮ್‌ಗೆ ಅದರ ಬಿಸಿ ತಟ್ಟುವ ಕಾರಣವೇ ಇರಲಿಲ್ಲ. ಆದರೆ ಬೇಸಿಗೆಯ ಕೊನೆಯಲ್ಲಿ ಊರಿನ ದರ್ಜಿಯ ಮನೆಗೆ ಲಂಡನ್ನಿನಿಂದ ಒಂದು ಬಟ್ಟೆಯ ಗಂಟು ಬಂತು. ಬಟ್ಟೆ ಒದ್ದೆಯಾಗಿದ್ದುದರಿಂದ ದರ್ಜಿಯ ಸಹಾಯಕ ಜಾರ್ಜ್ ವಿಕರ್ಸ್ ಅದನ್ನು ಬಿಚ್ಚಿ ಒಲೆಯ ಮುಂದೆ ಒಣಗಲು ಹರವಿದ ಎನ್ನುತ್ತಾರೆ. ಸೆಪ್ಟೆಂಬರ್ 7ರಂದು ಆತ ಸತ್ತ. ಅನಂತರ ಅದೇ ಮನೆಯ, ನೆರೆಮನೆಯ ಸರದಿ.

ಮಡಿಕೆಗಳಲ್ಲಿ ಅಡಗಿ ಬಂದದ್ದು ರೋಗ ಹೊತ್ತ ಚಿಗಟಗಳು ಎಂದು ಇಂದು ಹೇಳಲಾಗುತ್ತದೆ. ಆಗ ಈ ಸಂಗತಿ ಜಗತ್ತಿನಲ್ಲಿ ಯಾರಿಗೂ ತಿಳಿದಿರಲಿಲ್ಲ. ಪ್ಲೇಗಿನ ಬ್ಯಾಕ್ಟೀರಿಯವನ್ನು ಅಲೆಕ್ಸಾಂಡರ್ ಯೆರ್ಸಿನ್ ಹಾಂಗ್‌ಕಾಂಗಿನಲ್ಲಿ ಗುರುತಿಸಿದ್ದು 1894ರಲ್ಲಿ. ಇಲಿಯಿಂದ ಇಲಿಗೆ ಅದನ್ನು ದಾಟಿಸುವುದು ಚಿಗಟವೆಂದು ಪಾಲ್ ಲೂಯಿ ಸಿಮೋ ಕರಾಚಿಯಲ್ಲಿ ಪ್ರಯೋಗದಿಂದ ತೋರಿಸಿದ್ದು 1898ರಲ್ಲಿ.

ಎರಡು ಪಾದ್ರಿಗಳು, ಒಂದು ತೀರ್ಮಾನ

ಚಳಿಗಾಲದಲ್ಲಿ ಸಾವು ಕಡಿಮೆಯಾಯಿತು. 1666ರ ಬೇಸಿಗೆಗೆ ಮತ್ತೆ ಏರಿತು. ಅನುಕೂಲವಿದ್ದ ಕೆಲವರು ಊರು ಬಿಟ್ಟಿದ್ದರು. ಉಳಿದವರೂ ಹೊರಡಲು ಸಿದ್ಧರಾಗಿದ್ದರು. ಆಗ ಚರ್ಚಿನ ಪಾದ್ರಿಯಾಗಿದ್ದ ವಿಲಿಯಂ ಮಾಂಪೆಸನ್ ಅವರಿಗೆ ಇನ್ನೂ ಮೂವತ್ತು ದಾಟಿರಲಿಲ್ಲ, ಊರಿಗೂ ಹೊಸಬರು. ಜನರ ವಿಶ್ವಾಸವಿದ್ದುದು ಹಿಂದಿನ ಪಾದ್ರಿ ಥಾಮಸ್ ಸ್ಟಾನ್ಲಿಯವರ ಮೇಲೆ. ಧರ್ಮಾಚರಣೆಯ ವಿಷಯದಲ್ಲಿ ಸರ್ಕಾರದ ಕಾನೂನಿಗೆ ಒಪ್ಪದೆ ಹುದ್ದೆ ಕಳೆದುಕೊಂಡಿದ್ದವರು ಅವರು. ಪರಸ್ಪರ ಎದುರು ಪಕ್ಷದ ಈ ಇಬ್ಬರೂ ಜೂನ್ ತಿಂಗಳಲ್ಲಿ ಒಂದಾಗಿ ನಿಂತು ಊರಿನವರನ್ನು ಒಪ್ಪಿಸಿದರು.

ತೀರ್ಮಾನಗಳು ಮೂರು. ಸತ್ತವರನ್ನು ಚರ್ಚಿನ ಸ್ಮಶಾನಕ್ಕೆ ಒಯ್ಯದೆ ಮನೆಯವರೇ ತಮ್ಮ ಹಿತ್ತಲಿನಲ್ಲೋ ಹೊಲದಲ್ಲೋ ಹೂಳಬೇಕು. ಚರ್ಚಿನೊಳಗೆ ಗುಂಪು ಸೇರದೆ ಕಕ್ಲೆಟ್ ಡೆಲ್ಫ್ ಎಂಬ ಕಣಿವೆಯ ಬಯಲಿನಲ್ಲಿ ದೂರದೂರ ನಿಂತು ಪ್ರಾರ್ಥಿಸಬೇಕು. ಮೂರನೆಯದು, ಊರಿನಿಂದ ಯಾರೂ ಹೊರಗೆ ಹೋಗಬಾರದು, ಹೊರಗಿನವರು ಒಳಗೆ ಬರಬಾರದು.

ಹಾಗಾದರೆ ಊಟಕ್ಕೇನು ಗತಿ? ಚಾಟ್ಸ್‌ವರ್ತ್ ಅರಮನೆಯ ಡೆವನ್‌ಶೈರ್ ದೊರೆ ಆಹಾರ ಕಳುಹಿಸಿಕೊಟ್ಟರು. ಸುತ್ತಲಿನ ಹಳ್ಳಿಗಳವರು ದಿನಸಿ ತಂದು ಗಡಿಯಲ್ಲಿಟ್ಟು ಹಿಂದಿರುಗುತ್ತಿದ್ದರು. ಈಮ್ ಜನರು ಅದರ ಹಣವನ್ನು ಗಡಿಕಲ್ಲಿನ ಕುಳಿಗಳಲ್ಲಿ ವಿನಿಗರ್ ತುಂಬಿ ಅದರೊಳಗೆ ಇಡುತ್ತಿದ್ದರು. ಆರು ಕುಳಿಗಳ ಆ ಕಲ್ಲು ಇಂದಿಗೂ ಇದೆ. 'ಮಾಂಪೆಸನ್ ಬಾವಿ' ಎಂಬ ಬುಗ್ಗೆಯೂ ಇಂಥದೇ ಇನ್ನೊಂದು ತಾಣ. ವಿನಿಗರ್‌ನಲ್ಲಿರುವ ಅಸಿಟಿಕ್ ಆಮ್ಲ ಅನೇಕ ಬ್ಯಾಕ್ಟೀರಿಯಗಳಿಗೆ ಮಾರಕವೆಂಬುದನ್ನು ಅರಿಯದೆಯೇ ಅವರು ಅದನ್ನು ಬಳಸಿದ್ದರು.

ಎಂಟು ದಿನ, ಏಳು ಗೋರಿ

ಮಾತು ಕೊಟ್ಟ ಜನ ಅದಕ್ಕೆ ತೆತ್ತ ಬೆಲೆ ದೊಡ್ಡದು. ಆಗಸ್ಟಿನಲ್ಲಿ ದಿನಕ್ಕೆ ಐದಾರು ಸಾವುಗಳಾದದ್ದೂ ಉಂಟು. ಊರ ಅಂಚಿನ ಹೊಲದಮನೆಯ ಎಲಿಜಬೆತ್ ಹ್ಯಾಂಕಾಕ್ ಎಂಬಾಕೆ ಎಂಟು ದಿನಗಳಲ್ಲಿ ಗಂಡನನ್ನೂ ಆರು ಮಕ್ಕಳನ್ನೂ ಕಳೆದುಕೊಂಡು, ಒಬ್ಬಳೇ ಅವರನ್ನು ಮಣ್ಣುಮಾಡಿದಳು. 'ರೈಲಿ ಗೋರಿಗಳು' ಎಂಬ ಆ ಏಳು ಗುರುತುಗಳು ಗುಡ್ಡದ ಮೇಲೆ ಇವೆ. ನಿರ್ಬಂಧಕ್ಕೆ ಮೊದಲೇ ಮಕ್ಕಳಿಬ್ಬರನ್ನು ದೂರ ಕಳುಹಿಸಿದ್ದ ಮಾಂಪೆಸನ್ ದಂಪತಿಗಳು ತಾವು ಉಳಿದರು. ರೋಗಿಗಳ ಆರೈಕೆಯಲ್ಲಿದ್ದ ಪತ್ನಿ ಕ್ಯಾಥರೀನ್ ಆಗಸ್ಟ್ 25ರಂದು ತೀರಿಕೊಂಡರು. ನವೆಂಬರ್ ಆರಂಭದಲ್ಲಿ ಕೊನೆಯ ಸಾವು. ಒಟ್ಟು ಸುಮಾರು 260 ಮಂದಿ. ಆದರೆ ಮಾರಿ ಸುತ್ತಲಿನ ಊರುಗಳಿಗೆ ಹಬ್ಬಲಿಲ್ಲ.

ಸರಿಯೋ, ತಪ್ಪೋ?

ಇಲ್ಲೊಂದು ಕಷ್ಟದ ಪ್ರಶ್ನೆಯಿದೆ. ನಮ್ಮ ಹಿರಿಯರು ಪ್ಲೇಗು ಬಂದಾಗ ಊರು ಖಾಲಿಮಾಡಿ ಹೊಲಗಳಲ್ಲಿ ಗುಡಿಸಲು ಹಾಕಿಕೊಂಡು ಇರುತ್ತಿದ್ದರು. ಇಲಿಗಳಿರುವ ಮನೆಗಳಿಂದ ದೂರವಾಗುವ ಆ ಕ್ರಮದಲ್ಲಿ ಜಾಣತನವಿತ್ತು. 1898ರಲ್ಲಿ ಬೆಂಗಳೂರಿನ ಇಕ್ಕಟ್ಟಾದ ಪೇಟೆಗೆ ಪ್ಲೇಗು ಬಂದ ಮೇಲೆಯೇ ಬಸವನಗುಡಿ, ಮಲ್ಲೇಶ್ವರ ಬಡಾವಣೆಗಳು ಎದ್ದವು. ಈಮ್ ಜನರು ಇಲಿ, ಚಿಗಟಗಳಿದ್ದ ಮನೆಗಳಲ್ಲೇ ಉಳಿದುಬಿಟ್ಟರು. ಇದರಿಂದ ಸಾವು ಹೆಚ್ಚಿರಬಹುದೆಂದು ಹೇಳುವವರಿದ್ದಾರೆ. 2016ರಲ್ಲಿ ಚರ್ಚಿನ ದಾಖಲೆಗಳನ್ನು ಗಣಿತದ ಮೂಲಕ ಪರಿಶೀಲಿಸಿದ ಸಂಶೋಧಕರು, ಅಲ್ಲಿನ ಸೋಂಕಿನ ಸುಮಾರು ಮುಕ್ಕಾಲು ಪಾಲು ಮನುಷ್ಯನಿಂದ ಮನುಷ್ಯನಿಗೆ, ಮುಖ್ಯವಾಗಿ ಒಂದೇ ಮನೆಯೊಳಗೆ, ಹರಡಿರಬೇಕೆಂದು ಲೆಕ್ಕಹಾಕಿದರು. ಆ ಲೆಕ್ಕ ಸರಿಯಾದರೆ, ಅವರು ದಿಕ್ಕುಪಾಲಾಗಿ ಓಡಿದ್ದರೆ ರೋಗವೂ ಜೊತೆಯಲ್ಲೇ ಓಡುತ್ತಿತ್ತು. ಗಡಿಯೊಳಗೆ ಉಳಿದುದರಿಂದ ಹೊರಗಿನವರು ಬದುಕಿದರು. ಒಳಗಿನವರಿಗೆ ಲಾಭವಾಯಿತೆಂದು ಹೇಳುವುದು ಕಷ್ಟ. ಈ ವ್ಯತ್ಯಾಸವನ್ನು ಮರೆಯಬಾರದು.

ಅದೇ ಪ್ಲೇಗಿನ ದೆಸೆಯಿಂದ 1665ರಲ್ಲಿ ಕೇಂಬ್ರಿಜ್ ವಿಶ್ವವಿದ್ಯಾಲಯ ಮುಚ್ಚಿತು. ಅಲ್ಲಿದ್ದ ಐಸಾಕ್ ನ್ಯೂಟನ್ ತಮ್ಮ ಹಳ್ಳಿ ವೂಲ್ಸ್‌ತೋರ್ಪ್‌ಗೆ ಮರಳಿ ಬೆಳಕು ಮತ್ತು ಗುರುತ್ವದ ಬಗ್ಗೆ ಚಿಂತಿಸಿದ್ದನ್ನು ಪಠ್ಯಪುಸ್ತಕಗಳು ಹೇಳುತ್ತವೆ. ಈಮ್‌ನ ಹೆಸರು ಅವುಗಳಲ್ಲಿ ವಿರಳ.

ಇಂದು ಅಲ್ಲಿನ ಸೇಂಟ್ ಲಾರೆನ್ಸ್ ಚರ್ಚಿನ ಅಂಗಳದಲ್ಲಿ ಎಂಟನೆಯ ಶತಮಾನದ ಕೆತ್ತನೆಯ ಶಿಲುಬೆ, ಗೋಡೆಯಲ್ಲಿ 1775ರ ನೆರಳು ಗಡಿಯಾರ, ಸಮೀಪದಲ್ಲೇ ಕ್ಯಾಥರೀನಳ ಸಮಾಧಿಯನ್ನು ಕಾಣಬಹುದು. ಪ್ರತಿವರ್ಷ ಆಗಸ್ಟಿನ ಕೊನೆಯ ಭಾನುವಾರ 'ಪ್ಲೇಗು ಭಾನುವಾರ'. ಜನ ಅದೇ ಕಣಿವೆಯ ಬಯಲಿನಲ್ಲಿ ಸೇರುತ್ತಾರೆ.

2020ರಲ್ಲಿ ಕೊರೋನಾದಿಂದಾಗಿ ಶಾಲೆಗಳು ಮುಚ್ಚಿದ್ದ ದಿನಗಳು ಇಂದಿನ ವಿದ್ಯಾರ್ಥಿಗಳಿಗೆ ನೆನಪಿರಬಹುದು. ಆಗ ಎಲ್ಲರೂ ಮನೆಯೊಳಗೆ ಉಳಿದದ್ದು ಸರ್ಕಾರದ ಆಜ್ಞೆಯಿಂದ. ಈಮ್ ಜನರಿಗೆ ಅಂಥ ಆಜ್ಞೆಯಿರಲಿಲ್ಲ, ರೋಗಾಣುವಿನ ಪರಿಚಯವಿರಲಿಲ್ಲ, ಔಷಧವೂ ಇರಲಿಲ್ಲ. ಪಕ್ಕದ ಊರಿನ ಮಕ್ಕಳು ಬದುಕಬೇಕೆಂಬ ವಿವೇಕವಿತ್ತು. ಅಂಥ ಸಂದರ್ಭ ಬಂದರೆ ನಮ್ಮೂರು ಏನು ಮಾಡೀತು? ತಂದೆತಾಯಿಗಳೂ ಮಕ್ಕಳೂ ಕೂಡಿ ಕುಳಿತು ಚರ್ಚಿಸಬೇಕಾದ ಪ್ರಶ್ನೆಯಿದು.