ಫಲಕದ ತಪ್ಪಿಗೆ ಪರವಾನಗಿಯೇ ಬಲಿಯಾಗಬೇಕೆ?

ಉದ್ದಿಮೆ ಪರವಾನಗಿ ನೀಡುವ ಅಧಿಕಾರವನ್ನು ಸ್ಥಳೀಯ ಸಂಸ್ಥೆಗಳಿಗೆ ಕೊಟ್ಟಿರುವುದು ಊರಿನ ಆರೋಗ್ಯ, ಸುರಕ್ಷತೆ, ನೆಮ್ಮದಿ ಕಾಯಲೆಂದು. ಹೋಟೆಲಿನ ಕೊಳಚೆ ನೀರು ಎಲ್ಲಿಗೆ ಹರಿಯುತ್ತದೆ, ಗೋದಾಮಿಗೆ ಬೆಂಕಿ ಬಿದ್ದರೆ ಹೊರಬರಲು ದಾರಿ ಇದೆಯೇ, ಹಿಟ್ಟಿನ ಗಿರಣಿಯ ಸದ್ದಿಗೆ ಅಕ್ಕಪಕ್ಕದವರ ನಿದ್ದೆ ಕೆಡುತ್ತದೆಯೇ ಎಂಬುದನ್ನೆಲ್ಲ ನೋಡಿ ಕೊಡಬೇಕಾದ ಕಾಗದ ಅದು. ನಾಮಫಲಕದಲ್ಲಿ ಕನ್ನಡ ಎಷ್ಟಿದೆ ಎಂಬ ಪ್ರಶ್ನೆಯನ್ನೂ ಇದೇ ಕಾಗದಕ್ಕೆ ಗಂಟು ಹಾಕಿದ್ದರಿಂದ 2023-24ರ ವಿವಾದ ಕಗ್ಗಂಟಾಯಿತು. ಕರ್ನಾಟಕದ ಅಂಗಡಿಯ ಮೇಲೆ ಕನ್ನಡ ಎದ್ದು ಕಾಣಬೇಕೆಂಬ ಬೇಡಿಕೆ ನ್ಯಾಯವಾದುದು. ಅದನ್ನು ಜಾರಿಗೆ ತರಲು ಪರವಾನಗಿ ರದ್ದತಿಯನ್ನು ಹಿಡಿದದ್ದು ತಪ್ಪು.

ಪರವಾನಗಿಯ ಕಾನೂನು ಊರಿಂದೂರಿಗೆ ಬೇರೆ. ಬಳ್ಳಾರಿ ನಗರದ ಅಂಗಡಿಗೆ 1976ರ ಕರ್ನಾಟಕ ಮಹಾನಗರ ಪಾಲಿಕೆಗಳ ಕಾಯ್ದೆ ಅನ್ವಯಿಸುತ್ತದೆ. ಸಿರುಗುಪ್ಪ ನಗರಸಭೆ ಮತ್ತು ಕುರುಗೋಡು ಪುರಸಭೆಗೆ 1964ರ ಪೌರಸಭೆಗಳ ಕಾಯ್ದೆ. ನಗರದ ಮಗ್ಗುಲಲ್ಲೇ ಇರುವ ಸಂಗನಕಲ್ಲಿನಂಥ ಹಳ್ಳಿಯಲ್ಲಿ 1993ರ ಪಂಚಾಯತ್ ರಾಜ್ ಕಾಯ್ದೆ. ಬಳ್ಳಾರಿಯ ಕೌಲ್ ಬಜಾರಿನ ಕಿರಾಣಿ ವ್ಯಾಪಾರಿ ಪಾಲಿಕೆಗೆ ಅರ್ಜಿ ಹಾಕಿದರೆ, ಅದೇ ಸಾಮಾನು ಮಾರುವ ಸಂಗನಕಲ್ಲಿನವನು ಪಂಚಾಯಿತಿಗೆ ಹೋಗಬೇಕು. ಇದರ ಜೊತೆಗೆ 1961ರ ಅಂಗಡಿ ಮತ್ತು ವಾಣಿಜ್ಯ ಸಂಸ್ಥೆಗಳ ಕಾಯ್ದೆಯಡಿ ಕಾರ್ಮಿಕ ಇಲಾಖೆಯ ನೋಂದಣಿ ಪ್ರತ್ಯೇಕ.

ಪರವಾನಗಿ ಕೊಡುವ ಇಂಥ ಅಧಿಕಾರಕ್ಕೆ ನ್ಯಾಯಾಲಯಗಳು ಮೊದಲಿನಿಂದಲೂ ಎಲ್ಲೆ ಹಾಕಿವೆ. ಸಂವಿಧಾನದ 19(1)(ಜಿ) ವಿಧಿ ವ್ಯಾಪಾರದ ಹಕ್ಕು ಕೊಡುತ್ತದೆ; 19(6) ಸಾರ್ವಜನಿಕ ಹಿತಕ್ಕಾಗಿ ಸಮಂಜಸ ನಿರ್ಬಂಧಕ್ಕೆ ಅವಕಾಶ ಮಾಡುತ್ತದೆ. ಉತ್ತರ ಪ್ರದೇಶದ ಕೈರಾನಾ ಪುರಸಭೆ ತರಕಾರಿ ಸಗಟು ವ್ಯಾಪಾರಕ್ಕೆ ಅನುಮತಿ ಕಡ್ಡಾಯ ಮಾಡಿ, ಆ ವ್ಯಾಪಾರದ ಏಕಸ್ವಾಮ್ಯವನ್ನು ಒಬ್ಬನಿಗೇ ವಹಿಸಿತ್ತು. ಉಳಿದವರಿಗೆ ಪರವಾನಗಿ ಸಿಗುವ ದಾರಿಯೇ ಇರಲಿಲ್ಲ. ಇದು ಸಮಂಜಸ ನಿರ್ಬಂಧವಲ್ಲವೆಂದು ಸುಪ್ರೀಂ ಕೋರ್ಟ್ 1950ರಲ್ಲೇ ಹೇಳಿತು. ನಿಯಂತ್ರಿಸುವ ಅಧಿಕಾರವನ್ನು ವ್ಯಾಪಾರ ಮುಚ್ಚಿಸುವ ಅಧಿಕಾರವಾಗಿ ಬಳಸುವಂತಿಲ್ಲ ಎಂಬುದು ಆ ತೀರ್ಪಿನಿಂದ ಕಲಿಯಬೇಕಾದ ಪಾಠ.

ನಾಮಫಲಕದ ವಿಷಯದಲ್ಲಿ ಕರ್ನಾಟಕ ಒಮ್ಮೆ ಕೈ ಸುಟ್ಟುಕೊಂಡಿದೆ. ಅಂಗಡಿ ಕಾಯ್ದೆಯ 1963ರ ನಿಯಮಗಳಲ್ಲಿದ್ದ 24-ಎ ನಿಯಮ ಫಲಕದಲ್ಲಿ ಕನ್ನಡಕ್ಕೆ ಪ್ರಾಧಾನ್ಯ ಕೊಡಬೇಕೆಂದು ವಿಧಿಸಿತ್ತು. ಮೂಲ ಕಾಯ್ದೆಯ ಉದ್ದೇಶ ನೌಕರರ ಹಿತ. ಅದರಡಿ ಭಾಷೆಯ ನಿಯಮ ನಿಲ್ಲದೆ ಹೈಕೋರ್ಟಿನಲ್ಲಿ ಬಿದ್ದುಹೋಯಿತು. ಕನ್ನಡಕ್ಕೆ ಸೋಲಾದದ್ದು ಅಡಿಪಾಯ ತಪ್ಪಿದ್ದರಿಂದ.

ಆ ಕೊರತೆ ತುಂಬಿದ್ದು ಭಾಷೆಗಾಗಿಯೇ ಮಾಡಿದ 2022ರ ಕನ್ನಡ ಭಾಷಾ ಸಮಗ್ರ ಅಭಿವೃದ್ಧಿ ಕಾಯ್ದೆ. ಫಲಕಗಳಲ್ಲಿ ಕನ್ನಡ ಬೇಕೆಂದು 2023ರ ಡಿಸೆಂಬರ್ 27ರಂದು ಬೆಂಗಳೂರಿನಲ್ಲಿ ಕರ್ನಾಟಕ ರಕ್ಷಣಾ ವೇದಿಕೆ ನಡೆಸಿದ ಪ್ರತಿಭಟನೆಯಲ್ಲಿ ಫಲಕಗಳು ಧ್ವಂಸವಾದವು, ಅಧ್ಯಕ್ಷ ಟಿ.ಎ. ನಾರಾಯಣಗೌಡರ ಬಂಧನವಾಯಿತು. ಶೇ 60ರಷ್ಟು ಕನ್ನಡ ಕಡ್ಡಾಯಗೊಳಿಸುವ ಸುಗ್ರೀವಾಜ್ಞೆಯನ್ನು ರಾಜ್ಯಪಾಲರು ಹಿಂದಿರುಗಿಸಿದ ಮೇಲೆ, 2024ರ ಫೆಬ್ರವರಿಯಲ್ಲಿ ಶಾಸನಸಭೆಯೇ ಕಾಯ್ದೆಗೆ ತಿದ್ದುಪಡಿ ಅಂಗೀಕರಿಸಿತು. ಬೆಂಗಳೂರಿನ ಅಂದಿನ ಪಾಲಿಕೆಯಾದ ಬಿಬಿಎಂಪಿ ಮಾತ್ರ ಅದಕ್ಕೂ ಮೊದಲೇ ಫೆಬ್ರವರಿ 28ರ ಗಡುವು ಕೊಟ್ಟು, ತಪ್ಪಿದರೆ ಪರವಾನಗಿ ಅಮಾನತು ಅಥವಾ ರದ್ದು ಎಂದು ಎಚ್ಚರಿಸಿತ್ತು.

ಕಾಯ್ದೆ ಹೇಳುವುದು ಇಷ್ಟು ಅವಸರದ ಮಾತಲ್ಲ. ಮೊದಲ ತಪ್ಪಿಗೆ 5,000 ರೂಪಾಯಿವರೆಗೆ ದಂಡ, ಎರಡನೆಯದಕ್ಕೆ 10,000, ಆಮೇಲಿನ ಪ್ರತಿ ತಪ್ಪಿಗೆ 20,000 ಮತ್ತು ಪರವಾನಗಿ ರದ್ದತಿ. ಮೂರನೇ ಮೆಟ್ಟಿಲಿನ ಶಿಕ್ಷೆಯನ್ನು ಮೊದಲ ನೋಟಿಸಿನಲ್ಲೇ ತೋರಿಸಿ ಹೆದರಿಸುವುದು ಕಾಯ್ದೆಯ ಕ್ರಮಕ್ಕೇ ವಿರುದ್ಧ. ಹಾಗೆ ಮಾಡಿದ ಅಧಿಕಾರಿ ವ್ಯಾಪಾರಿಗೆ ಕೋರ್ಟಿನ ಬಾಗಿಲು ತೋರಿಸಿ, ಗೆಲ್ಲಬೇಕಾದ ಮೊಕದ್ದಮೆಯನ್ನು ಸರ್ಕಾರದ ಕೈಯಿಂದ ಜಾರಿಸುತ್ತಾನೆ.

ಆಚರಣೆಯಲ್ಲಿಯೂ ಇದು ತಲೆಕೆಳಗಾದ ನ್ಯಾಯ. ರದ್ದು ಮಾಡಲು ಮೊದಲು ಪರವಾನಗಿ ಇರಬೇಕು. ಶುಲ್ಕ ಕಟ್ಟಿ, ವರ್ಷವರ್ಷವೂ ನವೀಕರಿಸಿಕೊಂಡವನ ಕುತ್ತಿಗೆಗೆ ಕುಣಿಕೆ ಬೀಳುತ್ತದೆ. ಪರವಾನಗಿಯನ್ನೇ ಮಾಡಿಸದವನಿಗೆ ಕಳೆದುಕೊಳ್ಳಲು ಏನೂ ಇಲ್ಲ. ಅಳತೆಪಟ್ಟಿ ಹಿಡಿದು ಬರುವ ಸಿಬ್ಬಂದಿಯ ಮರ್ಜಿಗೆ ಅಂಗಡಿಯ ಅಳಿವು ಉಳಿವು ಸಿಕ್ಕಿಕೊಂಡರೆ ಲಂಚಕ್ಕೂ ದಾರಿಯಾಗುತ್ತದೆ.

ಬಳ್ಳಾರಿ ಸೀಮೆಯಲ್ಲಿ ಈ ಎಚ್ಚರ ಇನ್ನೂ ಹೆಚ್ಚು ಬೇಕು. 1953ರ ಅಕ್ಟೋಬರ್ 1ರವರೆಗೆ ಇದು ಮದ್ರಾಸ್ ರಾಜ್ಯದ ಜಿಲ್ಲೆ. ಅಂದು ಈ ಜಿಲ್ಲೆಯ ಆದವಾನಿ, ಆಲೂರು, ರಾಯದುರ್ಗ ತಾಲ್ಲೂಕುಗಳು ಆಂಧ್ರಕ್ಕೆ ಹೋದವು. ಗಡಿಯಾಚೆಯ ಗಿರಾಕಿಗಾಗಿ ತೆಲುಗಿನಲ್ಲೂ ಹೆಸರು ಬರೆಸುವುದು ಇಲ್ಲಿ ವ್ಯಾಪಾರದ ಸಹಜ ಲೆಕ್ಕ. ಕಾಯ್ದೆಯೂ ಬೇರೆ ಭಾಷೆಯನ್ನು ನಿಷೇಧಿಸಿಲ್ಲ, ಕನ್ನಡಕ್ಕೆ ಮೇಲಿನ ಮತ್ತು ಹೆಚ್ಚಿನ ಜಾಗ ಕೇಳುತ್ತದೆ. ಅದನ್ನು ತಿಳಿಹೇಳಿ ಕಾಲಾವಕಾಶ ಕೊಟ್ಟರೆ ಫಲಕ ಬದಲಾಗುತ್ತದೆ.

ದೊಡ್ಡ ಮಾಲುಗಳಿಗೆ 5,000 ರೂಪಾಯಿ ಲೆಕ್ಕಕ್ಕೇ ಇಲ್ಲ, ಪರವಾನಗಿಗೆ ಮಾತ್ರ ಅವು ಹೆದರುತ್ತವೆ ಎಂಬ ವಾದ ತೂಕದ್ದೇ. ಆದರೆ ಮಳಿಗೆಯ ವಿಸ್ತೀರ್ಣಕ್ಕೆ ತಕ್ಕಂತೆ ದಂಡ ಏರಿಸುವುದು, ತಪ್ಪು ಮುಂದುವರಿದ ಪ್ರತಿ ದಿನಕ್ಕೂ ದಂಡ ಹಾಕುವುದು ಶಾಸನಸಭೆಯ ಕೈಯಲ್ಲೇ ಇದೆ. ಆಗ ಮಾಲಿಗೂ ಬಿಸಿ ತಟ್ಟುತ್ತದೆ, ಸಂಗನಕಲ್ಲಿನ ಚಿಲ್ಲರೆ ಅಂಗಡಿಗೆ ಬೀಗವೂ ಬೀಳುವುದಿಲ್ಲ.

ಆದ್ದರಿಂದ ಆಗಬೇಕಾದ ತಿದ್ದುಪಡಿ ಸ್ಪಷ್ಟ. ಭಾಷಾ ಕಾಯ್ದೆಯಿಂದ ಪರವಾನಗಿ ರದ್ದತಿಯನ್ನು ತೆಗೆದು, ಅಂಗಡಿಯ ಗಾತ್ರಕ್ಕೆ ತಕ್ಕ ದಂಡ ಸೇರಿಸಬೇಕು. ಲಿಖಿತ ನೋಟಿಸು, ಉತ್ತರಕ್ಕೆ ಅವಕಾಶ, ಮೇಲ್ಮನವಿ ಇವು ಪಾಲಿಕೆ, ಪುರಸಭೆ, ಪಂಚಾಯಿತಿ ಮೂರರಲ್ಲೂ ಒಂದೇ ರೀತಿ ಇರಬೇಕು. ಪರವಾನಗಿ ರದ್ದತಿ ಕೊಳಕು, ಬೆಂಕಿ, ಅಪಾಯದಂಥ ಕಾರಣಗಳಿಗೆ ಮೀಸಲಿರಬೇಕು.