ಆಗದೆಂದಾದರೂ ಹೇಳಲಿ

ಬಡವನ ಅರ್ಜಿಗೆ ಸರ್ಕಾರ ಕೊಡುವ ಉತ್ತರ ಮೂರು ಬಗೆ: ಆಗುತ್ತದೆ, ಆಗುವುದಿಲ್ಲ, ಪರಿಶೀಲನೆಯಲ್ಲಿದೆ. ಮೂರರಲ್ಲಿ ಕೊನೆಯದೇ ಘೋರ. ಆಗುವುದಿಲ್ಲವೆಂದರೆ ಮೇಲ್ಮನವಿಗೆ ಹೋಗಬಹುದು. ಪರಿಶೀಲನೆಯಲ್ಲಿದೆ ಎಂದರೆ ಯಾರ ಬಾಗಿಲು ತಟ್ಟುವುದು?

ಮೊನ್ನೆ ಪಕ್ಷದ ಕಚೇರಿಗೆ ಕಲ್ಲು ಒಡೆಯುವ ಕೆಲವರು ಬಂದಿದ್ದರು. ಅವರಲ್ಲಿಬ್ಬರು ಮಿಲ್ಲು ಮುಚ್ಚಿದ ಮೇಲೆ ಊರಿಗೆ ಮರಳಿದವರು. ತಮ್ಮದೇ ಪಟ್ಟಾ ಜಮೀನಿನ ಬಂಡೆಯಲ್ಲಿ ಸೈಜುಗಲ್ಲು ತೆಗೆಯಲು ಅರ್ಜಿ ಕೊಟ್ಟಿದ್ದಾರೆ. ಸ್ವೀಕೃತಿ ಚೀಟಿಯ ಹೊರತು ಬೇರೊಂದು ಕಾಗದ ಬಂದಿಲ್ಲ. ಪರವಾನಗಿಯಿಲ್ಲದೆ ಕಲ್ಲು ತೆಗೆದರೆ 1957ರ ಗಣಿ ಕಾಯಿದೆಯಂತೆ 5 ವರ್ಷದವರೆಗೆ ಜೈಲು. ಕಾದವನು ಉಪವಾಸ, ಕಾಯದವನು ಕಳ್ಳ! ದೊಡ್ಡ ಗುತ್ತಿಗೆದಾರನಿಗೆ ಈ ಸಂಕಟವಿಲ್ಲ. ಒಂದು ಬಂಡೆ ತಡವಾದರೆ ಅವನಿಗೆ ಇನ್ನೊಂದು ಬಂಡೆಯಿದೆ.

ತಡದ ನಷ್ಟ ಇಷ್ಟಕ್ಕೇ ಮುಗಿಯುವುದಿಲ್ಲ. ತಮಿಳುನಾಡು ಸರ್ಕಾರ 1977ರಲ್ಲಿ ನಿಯಮ ಬದಲಿಸಿ ಕಪ್ಪುಶಿಲೆಯ ಗುತ್ತಿಗೆಯನ್ನು ಖಾಸಗಿಯವರಿಗೆ ನಿಲ್ಲಿಸಿತು. ಅದಕ್ಕೆ ಮೊದಲೇ ಬಂದು ಕೊಳೆಯುತ್ತಿದ್ದ ಅರ್ಜಿಗಳ ಗತಿಯೇನು? ಹಿಂದ್ ಸ್ಟೋನ್ ಮೊಕದ್ದಮೆಯಲ್ಲಿ 1981ರಲ್ಲಿ ಸುಪ್ರೀಂ ಕೋರ್ಟು ಹೇಳಿತು: ಅರ್ಜಿಯನ್ನು ಸಕಾಲದಲ್ಲಿ ತೀರ್ಮಾನಿಸಬೇಕು ನಿಜ, ಆದರೆ ತಡವಾಯಿತೆಂದು ಹಳೆಯ ನಿಯಮ ಅನ್ವಯಿಸದು, ತೀರ್ಮಾನದ ದಿನ ಜಾರಿಯಲ್ಲಿರುವ ನಿಯಮವೇ ನಿಯಮ. ನಮ್ಮ ರಾಜ್ಯದಲ್ಲೂ 2016ರಲ್ಲಿ ಹರಾಜಿನ ಪದ್ಧತಿ ತಂದಾಗ, ಕೆಲವನ್ನು ಬಿಟ್ಟು, ಹಿಂದಿನ ಅರ್ಜಿಗಳನ್ನೆಲ್ಲ ಅನರ್ಹಗೊಳಿಸಲಾಯಿತು. ಮಲಗಿದ ಫೈಲು ಮಲಗಿದಲ್ಲೇ ಸತ್ತಿತು.

ಆದುದರಿಂದ ಕೋರ್ಟಿಗೆ ಹೋಗುವುದಾದರೆ ಬೇಗ ಹೋಗಬೇಕು. ಸಂವಿಧಾನದ 226ನೆಯ ವಿಧಿಯಂತೆ ಹೈಕೋರ್ಟು ಅಧಿಕಾರಿಗೆ ಇಷ್ಟು ದಿನದೊಳಗೆ ತೀರ್ಮಾನಿಸು ಎಂದು ಆಜ್ಞಾಪಿಸಬಲ್ಲದು. ಇದೇ ಮ್ಯಾಂಡಮಸ್ ರಿಟ್ಟು. ಪರವಾನಗಿ ಕೊಟ್ಟೇ ತೀರು ಎಂದು ಕೋರ್ಟು ಸಾಮಾನ್ಯವಾಗಿ ಹೇಳದು. ಹೌದೋ ಅಲ್ಲವೋ ಹೇಳು ಎನ್ನುತ್ತದೆ. ಮೊದಲು ಲಿಖಿತ ಒತ್ತಾಯಪತ್ರ ಕೊಟ್ಟು ನಕಲು ಇಟ್ಟುಕೊಳ್ಳಿ. 2005ರ ಮಾಹಿತಿ ಹಕ್ಕಿನ ಕಾಯಿದೆಯಲ್ಲಿ ಫೈಲು ಯಾರ ಮೇಜಿನ ಮೇಲಿದೆಯೆಂದು ಕೇಳಿ; 30 ದಿನದಲ್ಲಿ ಉತ್ತರ ಬರಬೇಕು. ಕೋರ್ಟಿನ ಗಡುವನ್ನೂ ಮೀರಿದರೆ ಒಂದು ವರ್ಷದೊಳಗೆ ನ್ಯಾಯಾಂಗ ನಿಂದನೆಯ ಅರ್ಜಿ ಹಾಕಬೇಕು.

ಕೋರ್ಟು ಹಣವಂತರ ಮನೆ ಎಂದು ನಮ್ಮ ಸಂಗಾತಿಗಳೇ ಕೆಲವರು ಮೂಗು ಮುರಿಯುತ್ತಾರೆ. ಮಾತಿನಲ್ಲಿ ಸತ್ಯವಿದೆ. ಆದರೆ 1987ರ ಕಾನೂನು ಸೇವಾ ಕಾಯಿದೆಯಂತೆ ಕಾರ್ಖಾನೆಯ ಕಾರ್ಮಿಕನಿಗೆ, ಸ್ತ್ರೀಯರಿಗೆ, ಪರಿಶಿಷ್ಟರಿಗೆ ಉಚಿತ ವಕೀಲನುಂಟು. ಧಾರವಾಡ, ಕಲಬುರಗಿಗಳಲ್ಲೂ ಹೈಕೋರ್ಟಿನ ಪೀಠಗಳಿವೆ. ಇರುವ ಆಯುಧವನ್ನು ತುಕ್ಕು ಹಿಡಿಸುವುದು ಕ್ರಾಂತಿಯಲ್ಲ.

ಬಂಡೆಯ ಕೆಳಗಿನ ಊರಿನವರ ಮಾತನ್ನೂ ಮರೆಯುವಂತಿಲ್ಲ. ಧೂಳು ಕುಡಿಯುವವರು ಅವರು, ಸಿಡಿತಕ್ಕೆ ಗೋಡೆ ಬಿರಿಯುವುದು ಅವರದು. 5 ಹೆಕ್ಟೇರಿಗೆ ಕಡಿಮೆಯ ಕಲ್ಲುಗಣಿಗೂ ಪರಿಸರ ಅನುಮತಿ ಬೇಕೆಂದು 2012ರಲ್ಲಿ ಸುಪ್ರೀಂ ಕೋರ್ಟು ಹೇಳಿದ್ದು ಸರಿಯೇ. ಪರಿಶೀಲಿಸಲಿ, ಊರಿಗೆ ಕೇಡಾದರೆ ನಿರಾಕರಿಸಲಿ. ಕಾರಣ ಬರೆದು, ಸಹಿ ಹಾಕಿ, ತಾರೀಖು ನಮೂದಿಸಿ ನಿರಾಕರಿಸಲಿ. ಸಹಿಯಿಲ್ಲದ ಮೌನವೇ ಲಂಚದ ತವರು.

ಪಕ್ಷದ ಬೇಡಿಕೆ ಸರಳ. ಪ್ರತಿ ಅರ್ಜಿಗೂ ನಿಯಮದಲ್ಲೇ ಗಡುವಿರಲಿ. ಇಲಾಖೆಯ ತಪ್ಪಿನಿಂದ ಗಡುವು ಮೀರಿದರೆ ಅರ್ಜಿದಾರನ ಹಕ್ಕು ಹೊಸ ನಿಯಮದಿಂದ ಸಾಯದಿರಲಿ. ಇದು ಕಲ್ಲಿನವರ ಮಾತಷ್ಟೇ ಅಲ್ಲ. ಅಂಗಡಿಯ ಪರವಾನಗಿಗೆ ಅಲೆಯುವ ವರ್ತಕನೂ, ಪಡಿತರ ಚೀಟಿಗೆ ಅಲೆಯುವ ಮಿಲ್ಲಿನ ಕಾರ್ಮಿಕನೂ ನಿಂತಿರುವುದು ಅದೇ ಕಿಟಕಿಯ ಮುಂದೆ. ಒಬ್ಬೊಬ್ಬನೇ ಕೈಮುಗಿದು ನಿಂತದ್ದು ಸಾಕು, ಒಟ್ಟಾಗಿ ಕೇಳೋಣ.