ಗಂಟಲು ಹೋಗಿದೆಯಂತೆ!

“ಅತ್ತೆ, ಈಯಮ್ಮನ ಗಂಟಲು ಹೋಗಿದೆ. ಇಷ್ಟು ಒಳ್ಳೆಯ ಸ್ಪೀಕರಿನಲ್ಲಿ ಹಾಕಿದರೆ ಬಿರುಕೆಲ್ಲ ಇನ್ನಷ್ಟು ಕೇಳಿಸುತ್ತೆ!”

ಅಣ್ಣನ ಮಗ ಹೀಗೆಂದಾಗ ನನಗೆ ರೇಗಿಹೋಯಿತು. ಕೇಳುತ್ತಿದ್ದದ್ದು ಕೆನಡಾದ ಜೋನಿ ಮಿಚೆಲ್ ಅವರ ‘ಟ್ರಾವೆಲಾಗ್’. ಆಕೆ ತಾನೇ ಬರೆದು, ರಾಗ ಹಾಕಿ, ಹಾಡುವವರು. ಬಾಲ್ಯದಲ್ಲಿ ಪೋಲಿಯೋ ತಗುಲಿ ಎಡಗೈ ಬಲಹೀನವಾದಾಗ, ಗಿಟಾರಿನ ತಂತಿಗಳನ್ನೇ ಬೇರೆ ರೀತಿ ಶ್ರುತಿ ಮಾಡಿಕೊಂಡು ನುಡಿಸಿದ ಗಟ್ಟಿಗಿತ್ತಿ. 2002ರಲ್ಲಿ, ಐವತ್ತೊಂಬತ್ತರ ಆಸುಪಾಸಿನಲ್ಲಿ, ತಮ್ಮ ಹಳೆಯ 22 ಹಾಡುಗಳನ್ನು ದೊಡ್ಡ ವಾದ್ಯವೃಂದದೊಂದಿಗೆ ಹೊಸದಾಗಿ ಹಾಡಿ, ಎರಡು ಸಿ.ಡಿ.ಗಳಲ್ಲಿ ಕೊಟ್ಟರು. ಹಳೆಯ ಧ್ವನಿಮುದ್ರಣಗಳನ್ನೇ ಒಟ್ಟುಮಾಡಿ ಮಾರಬಹುದಿತ್ತು. ಹಾಗೆ ಮಾಡಲಿಲ್ಲ.

1970ರಲ್ಲಿ ‘ದಿ ಸರ್ಕಲ್ ಗೇಮ್’ ಹಾಡಿದಾಗ ಅವರದು ಎತ್ತರಕ್ಕೆ ಹಾರುವ, ತೆಳುವಾದ ಕಂಠ. ವಯಸ್ಸು, ಸಿಗರೇಟು ಸೇರಿ ಅದನ್ನು ಕೆಳಗಿಳಿಸಿವೆ, ನಿಜ. ಆದರೆ ಸರಿದುಹೋಗುವ ಕಾಲದ ಹಾಡನ್ನು ಕಾಲ ಸರಿದದ್ದನ್ನು ಕಂಡವಳು ಹಾಡಿದರೆ ಅದರ ತೂಕವೇ ಬೇರೆ. ಫೋನಿನಲ್ಲಿ ಕೇಳುವ ಎಂಪಿತ್ರೀ ಕಡತ ಚಿಕ್ಕದಾಗಬೇಕೆಂದು, ಕಿವಿಗೆ ಗೊತ್ತಾಗಲಾರದೆನ್ನುವ ಸಣ್ಣ ಸದ್ದುಗಳನ್ನು ಕತ್ತರಿಸಿಬಿಡುತ್ತಾರೆ. ಸಿ.ಡಿ.ಯಲ್ಲಿ ಆ ಕತ್ತರಿಯಿಲ್ಲ. ಒಳ್ಳೆಯ ಸ್ಪೀಕರಿನಲ್ಲಿ ಆಕೆ ಉಸಿರೆಳೆದುಕೊಳ್ಳುವುದು, ಪದದ ಕೊನೆಯಲ್ಲಿ ದನಿ ಒರಟಾಗುವುದು ಎಲ್ಲವೂ ಕೇಳುತ್ತದೆ. ಹುಡುಗ ಬಿರುಕೆಂದದ್ದು ಅದನ್ನೇ. ನನಗೆ ಅದೇ ಹಾಡು.

ಗಂಡಸಿನ ಕಂಠ ಹಣ್ಣಾದರೆ ‘ಮಾಗಿದೆ’ ಎನ್ನುತ್ತೇವೆ. ಹೆಂಗಸಿನದಾದರೆ ‘ಹೋಗಿದೆ’. ಇದೆಂಥ ನ್ಯಾಯ? ಗಂಗೂಬಾಯಿ ಹಾನಗಲ್ಲರ ಗಡಸು ದನಿಗೆ ತಲೆದೂಗಿದ ನಾಡಿನವರೇ ಅಲ್ಲವೆ ನಾವು? ಆ ಔದಾರ್ಯ ಕಛೇರಿಗೆ ಮಾತ್ರ, ಮನೆಗಲ್ಲ.

ನನ್ನ ಕಥೆಯನ್ನೇ ಹೇಳುತ್ತೇನೆ. ಮೂವತ್ತು ವರ್ಷ ನಮ್ಮ ಬಂಧುಗಳ ಮದುವೆಗಳಲ್ಲಿ ಹಸೆಗೆ ಕರೆಯುವ ಹಾಡು ನನ್ನದೇ. ಐದಾರು ವರ್ಷದ ಹಿಂದೆ ಒಂದು ಮದುವೆಯಲ್ಲಿ ದನಿ ಒಡೆಯಿತು. “ಇನ್ನು ಚಿಕ್ಕವರು ಹಾಡಲಿ ಬಿಡಿ” ಎಂದರು ಯಾರೋ. ನಾನೂ ನಕ್ಕು ಹಿಂದೆ ಸರಿದೆ. ಅಂದವರಿಗಿಂತ ಹೆಚ್ಚಿನ ತಪ್ಪು ನನ್ನದು. ಆಮೇಲೆ ಅಡುಗೆಮನೆಯಲ್ಲೂ ಗುನುಗಲಿಲ್ಲ.

ಸಹೋದರಿಯರೆ, ಮನೆಯಲ್ಲಿ ಒಳ್ಳೆಯ ಸ್ಪೀಕರಿದ್ದರೆ ಅದು ಗಂಡಸರ ಆಟಿಕೆಯೆಂದು ದೂಳು ಒರೆಸಿ ಸುಮ್ಮನಾಗಬೇಡಿ. ಒಲೆ ಆರಿಸಿ, ಅದರ ಮುಂದೆ ಒಂದು ಗಂಟೆ ಕೂತು ಇಂಥ ದನಿಯನ್ನು ಕೇಳಿ.

ಬರುವ ತಿಂಗಳು ಅದೇ ಅಣ್ಣನ ಮಗನ ಮದುವೆ. ಹಸೆಗೆ ಕರೆಯುವವಳು ನಾನೇ. ಬಿರುಕು ಕೇಳಿಸಿದರೆ ಕೇಳಿಸಲಿ.